ಪ್ಯಾರೀಸ್ ಕಾರ್ನರಿನ ಎಲ್ಲೆಗಂಬದಿಂದ ಕಾರ್ನ್‌ವಾಲಿಸನ ಪೀಠದವರೆಗೆ

ಪ್ಯಾರೀಸ್ ಕಾರ್ನರ್ ಎಂದೊಡನೆ ಮದರಾಸಿನಲ್ಲಿ ನೆಲೆಸಿರುವ ಕನ್ನಡಿಗರ ಕಣ್ಣಿಗೆ ಕಟ್ಟುವುದು ಬಸ್ಸುಗಳ ನೂಕುನುಗ್ಗಲು, ಹಣ್ಣಿನ ಗಾಡಿಗಳು, ಸಗಟು ವ್ಯಾಪಾರದ ಗಲ್ಲಿಗಳು, ಹೈಕೋರ್ಟಿನ ಕೆಂಪು ಗೋಪುರಗಳು. ನಮ್ಮಲ್ಲಿ ಅನೇಕರ ಹಿರಿಯರು ಊರು ಬಿಟ್ಟು ಬಂದು ಮೊದಲು ಅನ್ನ ಕಂಡದ್ದು ಈ ಮೂಲೆಯ ಸುತ್ತಣ ಬೀದಿಗಳಲ್ಲಿಯೇ. ಆದುದರಿಂದ ಈ ಸ್ಥಳಕ್ಕೂ ನಮಗೂ ಇರುವ ನಂಟು ಹೊಟ್ಟೆಪಾಡಿನದು, ಬಹಳವಾದರೆ ಮೂರು ತಲೆಮಾರಿನದು ಎಂದು ನಾವು ತಿಳಿದಿದ್ದೇವೆ. ಈ ತಿಳಿವಳಿಕೆ ಪೂರ್ತಿ ಸರಿಯಲ್ಲವೆಂಬುದು ಕಳೆದ ಚಳಿಗಾಲದ ಒಂದು ಭಾನುವಾರ ನಮ್ಮ ಸಂಘದ ಹನ್ನೆರಡು ಮಂದಿಗೆ ಮನದಟ್ಟಾಯಿತು. ನಗರದ ಇತಿಹಾಸವನ್ನು ಅಕ್ಕರೆಯಿಂದ ಅಭ್ಯಸಿಸಿರುವ ತಮಿಳು ಮಿತ್ರರೊಬ್ಬರು ‘ಯುದ್ಧಕಾಲದ ಮದರಾಸು’ ಎಂಬ ಕಾಲ್ನಡಿಗೆಯ ಪ್ರವಾಸವನ್ನು ನಡೆಸುತ್ತಾರೆ. ಸೆರೆಮನೆಯ ಸ್ಥಳ, ಕೋಟೆಯ ವಸ್ತುಸಂಗ್ರಹಾಲಯ, ಗುಂಡು ಬಿದ್ದ ಗೋಡೆ ಇವೆಲ್ಲವನ್ನೂ ತೋರಿಸುವುದು ಅವರ ಕ್ರಮ. ಅವರು ತೋರಿಸಿದುದನ್ನು ನಾವು ನೋಡಿದೆವು. ಅವರು ಹೇಳದೆ ಬಿಟ್ಟ ಕೆಲವು ಸಂಗತಿಗಳನ್ನು ಮನೆಗೆ ಬಂದು ಪುಸ್ತಕಗಳಲ್ಲಿ ಹುಡುಕಿದೆವು. ಈ ಲೇಖನ ಆ ಎರಡರ ಫಲ.

ಪ್ರವಾಸ ಆರಂಭವಾದುದು ಪ್ಯಾರಿ ಸಂಸ್ಥೆಯ ಡೇರ್ ಹೌಸ್ ಕಟ್ಟಡದ ಮೂಲೆಯಲ್ಲಿ. ವೇಲ್ಸ್ ದೇಶದ ಥಾಮಸ್ ಪ್ಯಾರಿ ಎಂಬಾತ 1788ರಲ್ಲಿ ಮದರಾಸಿಗೆ ಬಂದು ಸ್ಥಾಪಿಸಿದ ವ್ಯಾಪಾರದ ಮನೆಯಿಂದ ಈ ಮೂಲೆಗೆ ಹೆಸರು ಬಂದಿತು. ಈಗಿರುವ ಕಟ್ಟಡ 1940ರದು. ಇದರ ಬುಡದಲ್ಲಿ ಆಳೆತ್ತರದ ಒಂದು ಶಿಲಾಸ್ತಂಭವಿದೆ. ದಿನವೂ ಸಾವಿರಾರು ಜನ ಅದರ ಪಕ್ಕದಲ್ಲಿ ಹಾದುಹೋಗುತ್ತಾರೆ; ನಾನೂ ಮೂವತ್ತು ವರ್ಷ ಹಾಗೆಯೇ ಹಾದುಹೋಗಿದ್ದೇನೆ. 1773ರ ಜನವರಿ ಮೊದಲನೆಯ ತಾರೀಖಿನ ಈ ಸ್ತಂಭ ಕುಂಪಣಿ ಸರಕಾರ ನೆಡಿಸಿದ ಆರು ಎಲ್ಲೆಗಂಬಗಳಲ್ಲಿ ಉಳಿದಿರುವ ಒಂದೇ ಒಂದು. ಈ ಕಂಬಗಳಿಗೂ ಸೇಂಟ್ ಜಾರ್ಜ್ ಕೋಟೆಗೂ ನಡುವೆ ಯಾರೂ ಮನೆ ಕಟ್ಟಕೂಡದು, ಕೋಟೆಯ ಫಿರಂಗಿಗಳ ಮುಂದೆ ನೆಲ ಬೋಳಾಗಿಯೇ ಇರತಕ್ಕದ್ದು ಎಂಬುದು ಆಜ್ಞೆ. ಅಂದರೆ ಪ್ಯಾರೀಸ್ ಕಾರ್ನರ್ ಹುಟ್ಟಿದ್ದು ವ್ಯಾಪಾರಕ್ಕಾಗಿ ಅಲ್ಲ. ಅದು ಗುಂಡಿನ ದಾರಿಗೆ ಬಿಟ್ಟ ಬಯಲಿನ ಅಂಚು.

ಬಯಲಿನ ಕಥೆ ಫ್ರೆಂಚರಿಂದ ಆರಂಭವಾಗುತ್ತದೆ. 1746ರಲ್ಲಿ ಫ್ರೆಂಚರು ಮದರಾಸನ್ನು ಹಿಡಿದಾಗ, ಕೋಟೆಗೆ ಅಂಟಿಕೊಂಡಿದ್ದ ‘ಬ್ಲಾಕ್ ಟೌನ್’, ಅಂದರೆ ದೇಶೀಯರ ಪಟ್ಟಣದ ಒಂದು ಭಾಗವನ್ನು ಕೆಡಹಿದರು. 1749ರಲ್ಲಿ ಊರನ್ನು ಮರಳಿ ಪಡೆದ ಆಂಗ್ಲರು ಉಳಿದುದನ್ನೂ ನೆಲಸಮ ಮಾಡಿದರು. ಈಗ ಹೈಕೋರ್ಟ್ ನಿಂತಿರುವುದು ಆ ಅಳಿದುಹೋದ ಪಟ್ಟಣದ ಮೇಲೆ. ಅಲ್ಲಿದ್ದವರು ಉತ್ತರಕ್ಕೆ ಸರಿದು ಕಟ್ಟಿದ ಹೊಸ ಪಟ್ಟಣವೇ 1906ರ ತರುವಾಯ ಜಾರ್ಜ್ ಟೌನ್ ಎನಿಸಿತು. ಇಷ್ಟನ್ನು ಮಾರ್ಗದರ್ಶಿ ಮಿತ್ರರು ಸೊಗಸಾಗಿ ವಿವರಿಸಿದರು. ಆದರೆ 1760ರ ದಶಕದ ಅಂತ್ಯದ ವೇಳೆಗೆ ಫ್ರೆಂಚರ ಬಲ ಕುಂದಿತ್ತು. ಹಾಗಿದ್ದರೂ ಕುಂಪಣಿ ಇಷ್ಟೊಂದು ಹಣ ಸುರಿದು ಹೊಸ ಪಟ್ಟಣಕ್ಕೆ ಗೋಡೆ ಕಟ್ಟಿಸಿ, ಬಯಲಿಗೆ ಕಂಬ ನೆಡಿಸಿದ್ದು ಯಾರ ಭಯದಿಂದ?

ಉತ್ತರ ನಮ್ಮ ನಾಡಿನಲ್ಲಿದೆ. 1767ರಲ್ಲಿ, ಇನ್ನೂ ಹದಿಹರೆಯದ ಟಿಪ್ಪುವಿನ ಕುದುರೆಪಡೆ ಮದರಾಸಿನ ಹೊರವಲಯದ ತೋಟದ ಮನೆಗಳವರೆಗೂ ನುಗ್ಗಿ ಬಂದಿತು. ಎರಡು ವರ್ಷದ ತರುವಾಯ, 1769ರ ಮಾರ್ಚ್ ಕೊನೆಯಲ್ಲಿ, ಹೈದರಾಲಿ ತನ್ನ ಮುಖ್ಯ ಸೈನ್ಯವನ್ನು ಹಿಂದಕ್ಕೆ ಕಳುಹಿಸಿ, ಆಯ್ದ ಆರು ಸಾವಿರ ಸವಾರರೊಡನೆ ಮೂರೂವರೆ ದಿನಗಳಲ್ಲಿ 130 ಮೈಲಿ ದೌಡಾಯಿಸಿ ಸೇಂಟ್ ಥಾಮಸ್ ಬೆಟ್ಟದ ಬಳಿ ಪ್ರತ್ಯಕ್ಷನಾದನು. ಇದು ವಿಲ್ಕ್ಸನು ಕೊಡುವ ಲೆಕ್ಕ. ಈ ಇತಿಹಾಸಕಾರ ಹೈದರನ ಹಿತೈಷಿಯಲ್ಲವಾದುದರಿಂದ ಉತ್ಪ್ರೇಕ್ಷೆಯ ಶಂಕೆಗೆ ಎಡೆಯಿಲ್ಲ. ಕೋಟೆಯೊಳಗಣ ಸಭೆಯವರು ಡು ಪ್ರೇ ಎಂಬವನನ್ನು ಸಂಧಾನಕ್ಕೆ ಕಳುಹಿಸಿದರು. ಏಪ್ರಿಲ್ ಮೊದಲ ವಾರದಲ್ಲಿ ಒಪ್ಪಂದವಾಯಿತು. ಗೆದ್ದ ನೆಲವನ್ನು ಪರಸ್ಪರ ಹಿಂದಿರುಗಿಸುವುದು, ಒಬ್ಬರ ಮೇಲೆ ಬೇರೊಬ್ಬರು ಬಿದ್ದರೆ ಇನ್ನೊಬ್ಬರು ನೆರವಾಗುವುದು ಎಂಬಿವು ಅದರ ಸಾರ. ನೆರವಿನ ಮಾತನ್ನು ಕುಂಪಣಿ ಮುಂದೆ ಉಳಿಸಿಕೊಳ್ಳಲಿಲ್ಲ; ಎರಡನೆಯ ಮೈಸೂರು ಯುದ್ಧದ ಬೀಜಗಳಲ್ಲಿ ಇದೂ ಒಂದು. ಈ ಸಂಧಿಯ ಕಾಲದಲ್ಲಿ ಕೋಟೆಯ ಬಾಗಿಲ ಮೇಲೆ ಹೈದರನು ಒಂದು ಹಾಸ್ಯಚಿತ್ರವನ್ನು ತೂಗಹಾಕಿಸಿದನೆಂದೂ, ಅದರಲ್ಲಿ ಡು ಪ್ರೇಯ ಮೂಗು ಆನೆಯ ಸೊಂಡಿಲಾಗಿದ್ದು ಹೈದರನು ಅದನ್ನು ಹಿಡಿದು ಅಲುಗಿಸಿದಂತೆಲ್ಲ ವರಹಗಳು ಉದುರುತ್ತಿದ್ದುವೆಂದೂ ಒಂದು ಕಥೆಯುಂಟು. ಹೈದರನ ಸೇವೆಯಲ್ಲಿದ್ದ ಒಬ್ಬ ಫ್ರೆಂಚ್ ಅಧಿಕಾರಿಯ ಪುಸ್ತಕದಿಂದ ಹೊರಟ ಕಥೆ ಇದು. ರುಚಿಯಾಗಿದೆ, ನಂಬಬೇಕಾದ ಅಗತ್ಯವಿಲ್ಲ.

ಕಥೆಯನ್ನು ನಂಬದಿದ್ದರೂ ಭಯವನ್ನು ನಂಬಲೇಬೇಕು, ಏಕೆಂದರೆ ಅದು ಇಟ್ಟಿಗೆಯ ರೂಪದಲ್ಲಿ ಉಳಿದಿದೆ. ಈ ದಾಳಿಗಳ ಬಿಸಿಯಲ್ಲಿ ಹೊಸ ಪಟ್ಟಣದ ಗೋಡೆಯ ಕೆಲಸಕ್ಕೆ ವೇಗ ಬಂದಿತು. ಕಂಟ್ರಾಕ್ಟು ಹಿಡಿದವನು ಪಾಲ್ ಬೆನ್‌ಫೀಲ್ಡ್. ಮುಂದೆ ಆರ್ಕಾಟಿನ ನವಾಬನಿಗೆ ಸಾಲ ಕೊಟ್ಟು ಕುಖ್ಯಾತನಾದವನು ಇವನೇ. 1772ರ ಹೊತ್ತಿಗೆ ಗೋಡೆ ಮುಗಿಯಿತು. ಇದರ ವೆಚ್ಚವನ್ನು ಪಟ್ಟಣಿಗರಿಂದ ತೆರಿಗೆಯಾಗಿ ಎತ್ತಬೇಕೆಂದು ಕುಂಪಣಿ ಬಯಸಿತ್ತು. ಸೆಂಟ್ರಲ್ ರೈಲು ನಿಲ್ದಾಣದ ಮಗ್ಗುಲಲ್ಲಿ ಉತ್ತರಕ್ಕೆ ಹೋಗುವ ವಾಲ್ ಟ್ಯಾಕ್ಸ್ ರಸ್ತೆಯ ಹೆಸರು ಆ ತೆರಿಗೆಯ ನೆನಪು. ಬೆಂಗಳೂರು ರೈಲಿಗಾಗಿ ಆ ರಸ್ತೆಯಲ್ಲಿ ಓಡದ ಕನ್ನಡಿಗ ಈ ಊರಿನಲ್ಲಿ ಇದ್ದಾನೆಯೇ? ತನ್ನೂರಿನ ಕುದುರೆಗಳಿಗೆ ಹೆದರಿ ಕಟ್ಟಿದ ಗೋಡೆಯ ತೆರಿಗೆಯ ಮೇಲೆ ತಾನು ಓಡುತ್ತಿದ್ದೇನೆಂದು ಅವನಿಗೆ ತಿಳಿಯದು.

ಕಂಬದಿಂದ ರಸ್ತೆ ದಾಟಿದರೆ ಹಿಂದಿನ ಕಾನೂನು ಕಾಲೇಜಿನ ಕಟ್ಟಡ. ಅದರ ಅಂಗಳ ಆಂಗ್ಲರ ಮೊದಲ ಸ್ಮಶಾನ. 1758-59ರಲ್ಲಿ ಲಾಲಿಯ ಫ್ರೆಂಚ್ ಸೈನಿಕರು ಅಲ್ಲಿಯ ಎತ್ತರದ ಗೋರಿಗಳ ಮರೆಯಲ್ಲಿ ನಿಂತು ಕೋಟೆಯ ಮೇಲೆ ಗುಂಡು ಹಾರಿಸಿದ್ದರಿಂದ, ಮುತ್ತಿಗೆ ತೆರವಾದ ಮೇಲೆ ಗೋರಿಗಳನ್ನು ಒಡೆದು ಕಲ್ಲುಗಳನ್ನು ಕೋಟೆಯೊಳಗಿನ ಸೇಂಟ್ ಮೇರಿ ಇಗರ್ಜಿಯ ಅಂಗಳಕ್ಕೆ ಸಾಗಿಸಿದರು. ಒಂದೆರಡು ಮಾತ್ರ ಅಲ್ಲಿಯೇ ಉಳಿದವು. ಸತ್ತವರಿಗೆ ಅಲ್ಲಿಯೂ ನೆಮ್ಮದಿ ಸಿಗಲಿಲ್ಲ. 1782ರಲ್ಲಿ ಹೈದರನ ಸೈನ್ಯ ಕರ್ನಾಟಕವನ್ನು ಸುಡುತ್ತಿದ್ದಾಗ ಕೊತ್ತಳಗಳ ಮೇಲೆ ಫಿರಂಗಿಗಳನ್ನು ನಿಲ್ಲಿಸಲು ಗಟ್ಟಿ ಚಪ್ಪಡಿಗಳು ಬೇಕಾದವು. ಇದೇ ಗೋರಿಕಲ್ಲುಗಳನ್ನು ಎತ್ತಿ ಉಪಯೋಗಿಸಿದರು. ಶಾಂತಿಯಾದ ಮೇಲೆ ಅವು ಮತ್ತೆ ಇಗರ್ಜಿಯ ಅಂಗಳಕ್ಕೆ ಬಂದವು, ಕೆಲವು ಒಡೆದು. (ಇಲ್ಲಿ ‘ಕರ್ನಾಟಕ’ ಎಂದರೆ ಆರ್ಕಾಟಿನ ಸೀಮೆ. ನಮ್ಮ ಹೆಸರನ್ನು ಅವರು ಕೆಳಗಣ ಬಯಲಿಗೆ ಇಟ್ಟುದರಿಂದ ಹಳೆಯ ದಾಖಲೆಗಳನ್ನು ಓದುವ ಕನ್ನಡಿಗನು ಪ್ರತಿ ಪುಟದಲ್ಲಿಯೂ ಒಮ್ಮೆ ಎಡವಬೇಕಾಗುತ್ತದೆ.)

ಹೈಕೋರ್ಟಿನ ಪೂರ್ವದ ಹೊರಗೋಡೆಯ ಬಳಿ ನಮ್ಮ ಗುಂಪಿನ ಉತ್ಸಾಹ ಏರಿತು, ಕಾರಣ ಇಲ್ಲಿ ಎಮ್ಡನ್ ನೌಕೆಯ ಸ್ಮಾರಕಫಲಕವಿದೆ. 1914ರ ಸೆಪ್ಟೆಂಬರ್ 22ರ ರಾತ್ರಿ ಒಂಬತ್ತೂವರೆಯ ಸುಮಾರಿಗೆ ಜರ್ಮನರ ಈ ಯುದ್ಧನೌಕೆ ಕ್ಯಾಪ್ಟನ್ ಫಾನ್ ಮ್ಯೂಲ್ಲರನ ನೇತೃತ್ವದಲ್ಲಿ ಬಂದರಿನೆದುರು ನಿಂತು ಸುಮಾರು 125 ಗುಂಡುಗಳನ್ನು ಹಾರಿಸಿತು. ಯುದ್ಧ ಆರಂಭವಾಗಿ ಏಳು ವಾರ ಕಳೆದಿದ್ದರೂ ನಗರದ ದೀಪಗಳನ್ನು ಆರಿಸಿರಲಿಲ್ಲ. ಬರ್ಮಾ ಆಯಿಲ್ ಕಂಪೆನಿಯ ಎಣ್ಣೆಯ ತೊಟ್ಟಿಗಳು ಹತ್ತಿಕೊಂಡು ಉರಿದವು, ಕೆಲವರು ಸತ್ತರು, ಜನ ಊರು ಬಿಟ್ಟು ಓಡಿದರು. ನವೆಂಬರ್ 9ರಂದು ಕೋಕೋಸ್ ದ್ವೀಪಗಳ ಬಳಿ ಆಸ್ಟ್ರೇಲಿಯದ ಸಿಡ್ನಿ ನೌಕೆ ಎಮ್ಡನ್ನನ್ನು ನಾಶಮಾಡಿತು. ಕಾರ್ಯಸಾಧಕನಾದ ಗಟ್ಟಿಗನನ್ನು ತಮಿಳಿನಲ್ಲಿ ಇಂದಿಗೂ ‘ಎಮ್ಡನ್’ ಎನ್ನುವುದುಂಟು. ಚಂಪಕರಾಮನ್ ಪಿಳ್ಳೆಯವರು ಆ ನೌಕೆಯಲ್ಲಿದ್ದರೆಂಬ ಐತಿಹ್ಯಕ್ಕೆ ಮಾತ್ರ ಗಟ್ಟಿಯಾದ ಆಧಾರವಿಲ್ಲ. ಎರಡನೆಯ ಮಹಾಯುದ್ಧದ ಸಂಗತಿಗಳನ್ನೂ ಮಿತ್ರರು ಇಲ್ಲಿಯೇ ಹೇಳಿದರು: 1942ರ ಏಪ್ರಿಲಿನಲ್ಲಿ ಜಪಾನೀಯರು ಕೊಲಂಬೊ, ವಿಶಾಖಪಟ್ಟಣ, ಕಾಕಿನಾಡಗಳ ಮೇಲೆ ಬಾಂಬು ಹಾಕಿದಾಗ ಮದರಾಸು ಖಾಲಿಯಾದುದು, ಕಚೇರಿಗಳು ಒಳನಾಡಿಗೆ ಹೋದುದು, ಮೃಗಶಾಲೆಯ ಸಿಂಹ ಹುಲಿಗಳು ಬೀದಿಗೆ ಬಂದಾವೆಂದು ಪೋಲೀಸರು ಅವುಗಳನ್ನು ಬೋನಿನಲ್ಲಿಯೇ ಕೊಂದುದು. ನಮ್ಮ ಗುಂಪಿನ ಹಿರಿಯರಾದ ನಿವೃತ್ತ ಅಧ್ಯಾಪಕರೊಬ್ಬರ ತಾಯಿ ಆ ತಿಂಗಳು ಕೈಗೂಸಿನೊಡನೆ ಉಡುಪಿಗೆ ಹೊರಟುಹೋಗಿದ್ದರಂತೆ. ಆ ಕೈಗೂಸು ಅಧ್ಯಾಪಕರ ಅಣ್ಣ.

ಹತ್ತು ಹದಿನೈದು ನಿಮಿಷದ ಎಮ್ಡನ್ ದಾಳಿಗೆ ಮದರಾಸಿನ ಬಾಯಲ್ಲಿ ಒಂದು ಶಬ್ದವೇ ಉಳಿದಿದೆ. 1767ರಿಂದ 1799ರವರೆಗೆ ಮೂವತ್ತೆರಡು ವರ್ಷ, ನಾಲ್ಕು ಯುದ್ಧಗಳಲ್ಲಿ, ಈ ಪಟ್ಟಣದ ಗೋಡೆ ಬಯಲು ಫಿರಂಗಿಗಳನ್ನೆಲ್ಲ ನಿಯಂತ್ರಿಸಿದ ಮೈಸೂರಿನ ಭಯ ಮಾತ್ರ ಪ್ರವಾಸದ ಮಾತುಗಳಲ್ಲಿ ಒಂದೆರಡು ವಾಕ್ಯವಾಗಿ ಮುಗಿಯುತ್ತದೆ. ಇದರಲ್ಲಿ ಮಿತ್ರರ ತಪ್ಪೇನೂ ಇಲ್ಲ. ಗೆದ್ದವನು ತಾನು ಹೆದರಿದ್ದನ್ನು ಬರೆದಿಡುವುದಿಲ್ಲ. ಅವನು ಬರೆದಿಡುವುದು ಯಾವುದನ್ನು ಎಂಬುದನ್ನು ಕಾಣಬೇಕಾದರೆ ದಕ್ಷಿಣಕ್ಕೆ ನಡೆದು ಕೋಟೆಯೊಳಗೆ ಹೋಗಬೇಕು.

ಕೋಟೆಯ ವಸ್ತುಸಂಗ್ರಹಾಲಯ 1948ರ ಜನವರಿ 31ರಂದು ತೆರೆಯಿತು. ಕಟ್ಟಡ ಅದಕ್ಕಿಂತ ಬಹಳ ಹಳೆಯದು. 1790ರ ದಶಕದಲ್ಲಿ ವರ್ತಕರ ವಿನಿಮಯಶಾಲೆಯಾಗಿ ಎದ್ದ ಇದರ ಮಾಳಿಗೆಯ ಮೇಲೆಯೇ ನಗರದ ಮೊದಲ ದೀಪಸ್ತಂಭ 1796ರಿಂದ 1844ರವರೆಗೆ ಉರಿಯಿತು. ಒಳಗೆ ಕತ್ತಿ, ಕೋವಿ, ಪದಕ, ಪಿಂಗಾಣಿ, ಗವರ್ನರರ ತೈಲಚಿತ್ರಗಳು. ಎಮ್ಡನ್ ಹಾರಿಸಿದ ಗುಂಡಿನ ಚೂರು. ಇವುಗಳನ್ನು ಬೇಗ ನೋಡಿ ಮುಂದುವರಿದೆವು. ನಮ್ಮನ್ನು ತಡೆದು ನಿಲ್ಲಿಸಿದ ವಸ್ತುಗಳು ಎರಡು.

ಮೊದಲನೆಯದು ಒಂದು ಮರದ ಬೋನು. ಮದರಾಸು ಫಿರಂಗಿದಳದ ಕ್ಯಾಪ್ಟನ್ ಆನ್‌ಸ್ಟ್ರದರ್ ಎಂಬಾತ 1840ರಲ್ಲಿ, ಅಫೀಮಿನ ಯುದ್ಧದ ಕಾಲದಲ್ಲಿ, ಚೂಸಾನ್ ದ್ವೀಪದಲ್ಲಿ ಭೂಮಾಪನ ಮಾಡುತ್ತಿರುವಾಗ ಚೀನೀಯರ ಕೈಗೆ ಸಿಕ್ಕಿದನು. ಎತ್ತರದ ಆಳು, ಕಾಲು ಚಾಚಲೂ ನೆಟ್ಟಗೆ ಕೂಡಲೂ ಆಗದ ಇಂಥ ಬೋನಿನಲ್ಲಿ ಅವನನ್ನು ಕೂಡಿಟ್ಟಿದ್ದರು. ಮುಂದಿನ ವರ್ಷ ಬಿಡುಗಡೆಯಾಯಿತು. ಬೋನು ಮದರಾಸಿಗೆ ಬಂದಿತು. ನೋಡುವವರಿಗೆ ಮೈ ಜುಮ್ಮೆನ್ನುತ್ತದೆ. ಸೆರೆಯೆಂದರೆ ಏನೆಂಬುದನ್ನು ಈ ಪೆಟ್ಟಿಗೆಯಷ್ಟು ಸ್ಪಷ್ಟವಾಗಿ ಹೇಳುವ ವಸ್ತು ಈ ನಗರದಲ್ಲಿ ಇನ್ನೊಂದಿಲ್ಲ.

ಎರಡನೆಯದು ಮಾಳಿಗೆಯ ಮೆಟ್ಟಿಲುಗಳ ಬಳಿ ನಿಂತಿರುವ ಲಾರ್ಡ್ ಕಾರ್ನ್‌ವಾಲಿಸನ ಅಮೃತಶಿಲೆಯ ಮಹಾಪ್ರತಿಮೆ. ಲಂಡನ್ನಿನ ಶಿಲ್ಪಿ ಥಾಮಸ್ ಬ್ಯಾಂಕ್ಸ್ ಕಡೆದದ್ದು. 1800ರಲ್ಲಿ ಮದರಾಸಿಗೆ ಬಂದಿತು. ಕೋಟೆಯ ಚೌಕದಿಂದ ಹೊರಟು ನಗರದಲ್ಲಿ ಒಂದೆರಡು ಕಡೆ ಸುತ್ತಾಡಿ ಕೊನೆಗೆ ಇಲ್ಲಿಗೆ ಸೇರಿತು. ಕಾರ್ನ್‌ವಾಲಿಸನ ಮುಖವನ್ನು ನೋಡಲು ತಲೆಯೆತ್ತಬೇಕು. ಆದರೆ ಕನ್ನಡಿಗನು ನೋಡಬೇಕಾದುದು ಮುಖವನ್ನಲ್ಲ, ಪೀಠವನ್ನು. ಪೀಠದಲ್ಲಿ ಒಂದು ಉಬ್ಬುಶಿಲ್ಪವಿದೆ: ಟಿಪ್ಪುವಿನ ಕಡೆಯವರು ಇಬ್ಬರು ಬಾಲಕರನ್ನು ಗವರ್ನರ್ ಜನರಲನಿಗೆ ಒತ್ತೆಯಾಳುಗಳಾಗಿ ಒಪ್ಪಿಸುತ್ತಿರುವ ದೃಶ್ಯ.

ನಮ್ಮ ಅಧ್ಯಾಪಕರು ಕನ್ನಡಕ ಸರಿಪಡಿಸಿಕೊಂಡು ಬಹಳ ಹೊತ್ತು ಅದನ್ನು ನೋಡಿದರು. ಬಳಿಕ, “ಸಾರ್, ಈ ಮಕ್ಕಳ ಹೆಸರೇನು?” ಎಂದು ಕೇಳಿದರು.

“ಟಿಪ್ಪುವಿನ ಮಕ್ಕಳು” ಎಂದರು ಮಿತ್ರರು.

“ಅದು ತಂದೆಯ ಹೆಸರಾಯಿತು.”

ಮಿತ್ರರು ನಕ್ಕು, ತಾವು ಎಂದೂ ಆ ಪ್ರಶ್ನೆ ಕೇಳಿಕೊಂಡಿರಲಿಲ್ಲವೆಂದು ಒಪ್ಪಿದರು. ನಿಜ ಹೇಳಬೇಕಾದರೆ ನಮ್ಮ ಹನ್ನೆರಡು ಮಂದಿಯಲ್ಲಿಯೂ ಹತ್ತು ಮಂದಿಗೆ ತಿಳಿದಿರಲಿಲ್ಲ. ಚೀನದಲ್ಲಿ ಸೆರೆಯಾಗಿದ್ದ ಕ್ಯಾಪ್ಟನನ ಹೆಸರನ್ನು ಅರ್ಧ ಗಂಟೆಯ ಹಿಂದೆ ಎಲ್ಲರೂ ಬರೆದುಕೊಂಡಿದ್ದೆವು.

ದೊಡ್ಡವನು ಅಬ್ದುಲ್ ಖಾಲಿಕ್, ಆಗ ಸುಮಾರು ಹತ್ತು ವರ್ಷ. ಚಿಕ್ಕವನು ಮುಯಿಜುದ್ದೀನ್, ಸುಮಾರು ಎಂಟು. 1792ರ ಫೆಬ್ರವರಿಯಲ್ಲಿ ಆಂಗ್ಲ, ಮರಾಠ, ನಿಜಾಮ ಸೈನ್ಯಗಳು ಶ್ರೀರಂಗಪಟ್ಟಣವನ್ನು ಸುತ್ತುಗಟ್ಟಿದ್ದಾಗ ಟಿಪ್ಪು ಒಪ್ಪಬೇಕಾಗಿ ಬಂದ ಷರತ್ತುಗಳು ಮೂರು: ರಾಜ್ಯದ ಅರ್ಧಭಾಗ, ಮೂರು ಕೋಟಿ ಮೂವತ್ತು ಲಕ್ಷ ರೂಪಾಯಿ, ಮತ್ತು ಇವೆರಡೂ ಸಲ್ಲುವವರೆಗೆ ಇಬ್ಬರು ಗಂಡುಮಕ್ಕಳು. ಫೆಬ್ರವರಿ 26ರಂದು ಮಕ್ಕಳು ಆನೆಗಳನ್ನೇರಿ ಕೋಟೆಯಿಂದ ಹೊರಬಂದರು. ಕಾರ್ನ್‌ವಾಲಿಸನು ಡೇರೆಯ ಬಾಗಿಲಿಗೆ ಬಂದು ಕೈಹಿಡಿದು ಒಳಗೆ ಕರೆದೊಯ್ದು ಇಬ್ಬರನ್ನೂ ಎಡಬಲಗಳಲ್ಲಿ ಕೂರಿಸಿಕೊಂಡನು, ತಲೆಗೊಂದು ಚಿನ್ನದ ಗಡಿಯಾರ ಕೊಟ್ಟನು, ತೋಪುಗಳು ಹಾರಿದವು. ವಕೀಲ ಗುಲಾಂ ಅಲಿ, ಇನ್ನು ಮೇಲೆ ಈ ಮಕ್ಕಳಿಗೆ ತಾವೇ ತಂದೆ ಎಂಬರ್ಥದ ಮಾತನ್ನಾಡಿದನು. ಈ ಗಳಿಗೆಯನ್ನೇ ಆಂಗ್ಲ ಚಿತ್ರಕಾರರು ಮತ್ತೆ ಮತ್ತೆ ಬರೆದರು. ರಾಬರ್ಟ್ ಹೋಮ್ ಸೈನ್ಯದೊಡನೆ ಬಂದು ಕಣ್ಣಾರೆ ಕಂಡವನು. ಮೇದರ್ ಬ್ರೌನ್, ಸಿಂಗಲ್ಟನ್ ಮುಂತಾದವರು ಲಂಡನ್ನಿನಲ್ಲಿಯೇ ಕುಳಿತು ಊಹೆಯಿಂದ ಬರೆದವರು. ಎಲ್ಲ ಚಿತ್ರಗಳ ಭಾವವೂ ಒಂದೇ: ವಾತ್ಸಲ್ಯಮಯನಾದ ವಿಜೇತ, ಅವನ ಆಶ್ರಯದಲ್ಲಿ ಪರಕೀಯ ಮಕ್ಕಳು.

ಆದರೆ ಚಿತ್ರಕಾರರು ಬರೆಯದ ಇನ್ನೊಂದು ದೃಶ್ಯವುಂಟು. ಮಾರ್ಚ್ ತಿಂಗಳಲ್ಲಿ, ಅಂತಿಮ ಒಪ್ಪಂದಕ್ಕೆ ಸಹಿ ಬೀಳುವ ಮೊದಲು, ಕೊಡಗನ್ನು ಬಿಟ್ಟುಕೊಡಬೇಕೆಂಬ ಮಾತಿನಲ್ಲಿ ವಿವಾದ ಹುಟ್ಟಿತು. ಕೊಡಗು ತನ್ನ ರಾಜಧಾನಿಯ ಬಾಗಿಲು, ಅದನ್ನು ಕೇಳುವುದು ಅನ್ಯಾಯ ಎಂದು ಟಿಪ್ಪು ಸಿಡಿದನು. ಕೂಡಲೇ ಕಾರ್ನ್‌ವಾಲಿಸನು ಮಕ್ಕಳೊಡನಿದ್ದ ಮೈಸೂರಿನ ಕಾವಲಿನವರ ಆಯುಧ ಕಿತ್ತುಕೊಂಡು, ಮಕ್ಕಳನ್ನು ಬೆಂಗಳೂರಿನ ದಾರಿ ಹಿಡಿಸಿದನು. ಎಡಬಲಗಳಲ್ಲಿ ಕೂರಿಸಿಕೊಂಡಿದ್ದ ಮಕ್ಕಳು ಮೂರು ವಾರಗಳಲ್ಲಿ ಸೆರೆಯಾಳುಗಳೇ ಆದರು. ಟಿಪ್ಪು ಮಣಿದನು. ಸಹಿಯಾದ ಕಾಗದವನ್ನು ಮಾರ್ಚ್ 19ರಂದು ಕಾರ್ನ್‌ವಾಲಿಸನ ಕೈಗೆ ಒಪ್ಪಿಸುವ ಕೆಲಸವನ್ನು ಆ ಬಾಲಕರಿಂದಲೇ ಮಾಡಿಸಿದರು. ಚಿನ್ನದ ಗಡಿಯಾರದ ಕಥೆಯನ್ನು ಹೇಳುವವರು ಈ ಕಥೆಯನ್ನೂ ಹೇಳಿದರೆ ಮಾತ್ರ ‘ಒತ್ತೆ’ ಎಂಬ ಶಬ್ದದ ಅರ್ಥ ಪೂರ್ಣವಾಗುತ್ತದೆ.

ಅಲ್ಲಿಂದ ಮಕ್ಕಳು ಮದರಾಸಿಗೆ ಬಂದರು. ಇವರ ಮೇಲ್ವಿಚಾರಣೆ ಕ್ಯಾಪ್ಟನ್ ಡವ್‌ಟನ್ ಎಂಬವನದು. ಎರಡು ವರ್ಷ ಈ ನಗರದಲ್ಲಿ ಅತಿಥಿಗಳೋ ಬಂದಿಗಳೋ ತಿಳಿಯದಂತೆ ಕಳೆದರು. ಹಣ ಸಂದು, 1794ರ ಮಾರ್ಚಿನಲ್ಲಿ ದೇವನಹಳ್ಳಿಯಲ್ಲಿ ತಂದೆಗೆ ಮರಳಿ ಸಿಕ್ಕಿದರು. ಆ ಹಣ ಎಲ್ಲಿಂದ ಬಂದಿತೆಂಬ ಪ್ರಶ್ನೆಯನ್ನೂ ಇಲ್ಲಿ ಕೇಳಬೇಕು. ಖಜಾನೆಯಿಂದ ಒಂದು ಪಾಲು. ಉಳಿದುದು ನಜರಾಣೆಯ ಹೆಸರಿನಲ್ಲಿ ಅಧಿಕಾರಿಗಳಿಂದ, ಸೈನ್ಯದಿಂದ, ಕೊನೆಗೆ ರೈತರಿಂದ. ವಸೂಲಿ ಕ್ರೂರವಾಗಿತ್ತೆಂದು ವಿಲ್ಕ್ಸ್ ಬರೆಯುತ್ತಾನೆ. ಅವನು ಟಿಪ್ಪುವಿನ ಶತ್ರುಪಕ್ಷದವನಾದರೂ ಇಷ್ಟು ದೊಡ್ಡ ಮೊತ್ತ ಮೃದುವಾಗಿ ವಸೂಲಾಗುವುದಲ್ಲವೆಂಬುದು ಸ್ಪಷ್ಟ. ಪೀಠದ ಶಿಲ್ಪದಲ್ಲಿ ಕಾಣುವವರು ಇಬ್ಬರು ಬಾಲಕರು. ಅವರ ಬಿಡುಗಡೆಯ ಬೆಲೆ ತೆತ್ತ ಕನ್ನಡನಾಡಿನ ಹಳ್ಳಿಗಳು ಯಾವ ಶಿಲ್ಪದಲ್ಲಿಯೂ ಕಾಣುವುದಿಲ್ಲ.

ಈ ಪ್ರತಿಮೆಯ ಕಾಲಗಣನೆಯಲ್ಲಿ ಒಂದು ವಿಚಿತ್ರವಿದೆ. 1792ರ ವಿಜಯಕ್ಕಾಗಿ ಮಾಡಿಸಿದ ಅಮೃತಶಿಲೆ ಹಡಗಿನಿಂದ ಮದರಾಸಿನ ಕರೆಯಲ್ಲಿ ಇಳಿಯುವ ವೇಳೆಗೆ ಟಿಪ್ಪು ಸತ್ತು ಒಂದು ವರ್ಷವಾಗುತ್ತ ಬಂದಿತ್ತು. ಶಿಲ್ಪದಲ್ಲಿ ಕಡೆದ ಆ ಇಬ್ಬರೂ ಎರಡನೆಯ ಬಾರಿ ಸೆರೆಯಲ್ಲಿದ್ದರು, ಈ ಸಲ ವೇಲೂರಿನ ಕೋಟೆಯಲ್ಲಿ. 1799ರ ಮೇ 4ರಂದು ಶ್ರೀರಂಗಪಟ್ಟಣದ ಅರಮನೆಯೊಳಗೆ ಶರಣಾಗತಿಯ ಮಾತಿಗೆಂದು ಹೋದವನು ಮೇಜರ್ ಆಲನ್. ಅಲ್ಲಿ ಜಮಖಾನದ ಮೇಲೆ ಪರಿವಾರದ ನಡುವೆ ಕುಳಿತಿದ್ದ ಮುಯಿಜುದ್ದೀನನನ್ನು ಕಂಡಾಗ, ಹಿಂದೊಮ್ಮೆ ಇವನನ್ನು ಅಣ್ಣನೊಡನೆ ಕಾರ್ನ್‌ವಾಲಿಸನಿಗೆ ಒಪ್ಪಿಸಿದ್ದನ್ನು ತಾನು ನೋಡಿದ್ದ ನೆನಪಾಗಿ ಮನಸ್ಸು ಕಲಕಿತೆಂದು ಆಲನ್ ಬರೆದಿಟ್ಟಿದ್ದಾನೆ. ಅರಮನೆಯ ಹೊರಗೆ ರಾಜಕುಮಾರರನ್ನು ಎದುರುಗೊಂಡವನು ಜನರಲ್ ಬೇರ್ಡ್. ಇದೇ ಬೇರ್ಡ್ 1780ರಿಂದ 1784ರವರೆಗೆ ಇದೇ ಪಟ್ಟಣದಲ್ಲಿ ಸಂಕೋಲೆ ತೊಟ್ಟಿದ್ದ ಸೆರೆಯಾಳು.

ಬೇರ್ಡನ ಹೆಸರು ಬಂದ ಮೇಲೆ ನಾಣ್ಯದ ಇನ್ನೊಂದು ಮುಖವನ್ನೂ ನೋಡದೆ ವಿಧಿಯಿಲ್ಲ. ಮದರಾಸಿನಲ್ಲಿ ಕುಳಿತು ಬರೆಯುವ ಕನ್ನಡಿಗನಿಗೆ ಅದನ್ನು ಮರೆಯುವ ಆಸೆ ಸಹಜವಾದುದರಿಂದಲೇ ನೋಡಬೇಕು. 1780ರ ಸೆಪ್ಟೆಂಬರ್ 10ರಂದು ಕಾಂಚೀಪುರದ ಬಳಿಯ ಪೊಳ್ಳಿಲೂರಿನಲ್ಲಿ ಕರ್ನಲ್ ಬೈಲಿಯ ಸುಮಾರು 3,800 ಜನರ ದಳ ಹೈದರ್-ಟಿಪ್ಪುಗಳ ಸೈನ್ಯಕ್ಕೆ ಸಿಕ್ಕಿ ನುಚ್ಚುನೂರಾಯಿತು. ಕೆಲವೇ ಮೈಲಿ ದೂರದಲ್ಲಿದ್ದ ಹೆಕ್ಟರ್ ಮನ್ರೋ ತನ್ನ ದೊಡ್ಡ ಫಿರಂಗಿಗಳನ್ನು ಕಾಂಚಿಯ ಕಲ್ಯಾಣಿಯಲ್ಲಿ ಮುಳುಗಿಸಿ ಮದರಾಸಿಗೆ ಓಡಿಬಂದನು. ಬದುಕುಳಿದ ಇನ್ನೂರರಷ್ಟು ಐರೋಪ್ಯರು ಶ್ರೀರಂಗಪಟ್ಟಣ ಸೇರಿದರು. ಬೈಲಿ ಅಲ್ಲಿಯೇ 1782ರಲ್ಲಿ ತೀರಿಕೊಂಡನು. ಜೇಮ್ಸ್ ಸ್ಕರಿಯಂಥ ಎಳೆಯ ಸೆರೆಯಾಳುಗಳನ್ನು ಬಲಾತ್ಕಾರವಾಗಿ ಮತಾಂತರಿಸಿ ಸೈನ್ಯಕ್ಕೆ ಸೇರಿಸಿದ ಸಂಗತಿ ಅವರ ಬರಹಗಳಲ್ಲಿದೆ. 1784ರಲ್ಲಿ ಕರಾವಳಿಯ ಕ್ರೈಸ್ತರನ್ನು ಊರೂರುಗಳಿಂದ ಎಬ್ಬಿಸಿ ಘಟ್ಟ ಹತ್ತಿಸಿ ಅದೇ ಪಟ್ಟಣಕ್ಕೆ ತಂದರು. ಸಂಖ್ಯೆಯಲ್ಲಿ ವಿದ್ವಾಂಸರಿಗೆ ಒಮ್ಮತವಿಲ್ಲ, ಸೆರೆಯ ವಿಷಯದಲ್ಲಿ ಸಂದೇಹವಿಲ್ಲ. ಕೊಡಗರ ಕಥೆಯೂ ಇಂಥದೇ. ಇವರು ಪರದೇಶದ ಶತ್ರುಗಳಲ್ಲ, ನಮ್ಮ ನೆಲದವರು. ನಮ್ಮ ಸಂಘದಲ್ಲಿಯೇ ಮಂಗಳೂರಿನ ಒಂದು ಕ್ರೈಸ್ತ ಕುಟುಂಬವಿದೆ. ಅವರ ಮನೆಯಲ್ಲಿ ‘ಪಟ್ಟಣ’ ಎಂಬ ಮಾತನ್ನು ಇಂದಿಗೂ ಸಂತೋಷದಿಂದ ಆಡುವುದಿಲ್ಲ.

ಮೈಸೂರು ಕೂಡ ತನ್ನ ಗೆಲುವನ್ನು ಗೋಡೆಯ ಮೇಲೆ ಬರೆಯಿಸಿಕೊಂಡಿತು. ದರಿಯಾ ದೌಲತ್ ಬಾಗಿನ ಪಶ್ಚಿಮದ ಗೋಡೆಯಲ್ಲಿ ಪೊಳ್ಳಿಲೂರಿನ ಯುದ್ಧದ ವಿಶಾಲವಾದ ವರ್ಣಚಿತ್ರವಿದೆ. ನಡುವೆ ಪಲ್ಲಕ್ಕಿಯಲ್ಲಿ ಗಾಯಗೊಂಡ ಬೈಲಿ ಬೆರಳು ಕಚ್ಚಿಕೊಂಡು ಕುಳಿತಿದ್ದಾನೆ. ಅವನ ಮದ್ದಿನ ಬಂಡಿ ಸಿಡಿಯುತ್ತಿದೆ. ಕಾರ್ನ್‌ವಾಲಿಸನ ಪೀಠವನ್ನು ನೋಡಿ ಬಂದವರು ಒಮ್ಮೆ ಆ ಗೋಡೆಯನ್ನೂ ನೋಡಬೇಕು. ಎರಡೂ ಕಡೆ ಎದುರಾಳಿಯ ಸೋಲೇ ಅಲಂಕಾರ. ಒಂದು ವ್ಯತ್ಯಾಸ ಮಾತ್ರ ಉಂಟು. ಬೈಲಿಯ ಅಣ್ಣತಮ್ಮಂದಿರ ಮಗನೊಬ್ಬ 1816ರಲ್ಲಿ ಶ್ರೀರಂಗಪಟ್ಟಣದ ಗುಂಬಜಿನ ಬಳಿ ದೊಡ್ಡಪ್ಪನ ಸ್ಮಾರಕ ಕಟ್ಟಿಸಿದನು. ಸೆರೆಯಾಳುಗಳನ್ನಿಟ್ಟಿದ್ದರೆನ್ನುವ ನೆಲಮಾಳಿಗೆ ಇಂದೂ ಬೈಲಿಯ ಹೆಸರಿನಲ್ಲಿದೆ, ನಮ್ಮ ಶಾಲೆಯ ಮಕ್ಕಳು ಪ್ರವಾಸ ಹೋದಾಗ ಅಲ್ಲಿಯ ಕಲ್ಲುಗಳ ನಡುವೆ ಕೈಚಾಚಿ ನಿಂತು ನೋಡುತ್ತಾರೆ. ಸೋತವರ ರಾಜಧಾನಿಯಲ್ಲಿ ಗೆದ್ದವರ ಸೆರೆಯಾಳಿಗೆ ಸ್ಥಳವೂ ಹೆಸರೂ ಉಂಟು. ಗೆದ್ದವರ ರಾಜಧಾನಿಯಲ್ಲಿ ಸೋತವರ ಮಕ್ಕಳು ಇನ್ನೊಬ್ಬನ ಪಾದದ ಕೆಳಗೆ ಇದ್ದಾರೆ.

ಕೋಟೆಯಿಂದ ಹೊರಟು ಸೆಂಟ್ರಲ್ ನಿಲ್ದಾಣದ ದಿಕ್ಕಿಗೆ ಬಂದೆವು. ಇಲ್ಲಿದ್ದ ಸೆಂಟ್ರಲ್ ಜೈಲು 1837ರ ಸುಮಾರಿನದು. ಅಂಡಮಾನಿಗೆ ಹೋಗಬೇಕಾದವರನ್ನೂ ಇಲ್ಲಿ ಇಡುತ್ತಿದ್ದರು. 1932ರಲ್ಲಿ ಸುಭಾಷಚಂದ್ರ ಬೋಸರು ಕಾಯಿಲೆಯ ನಡುವೆ ಇಲ್ಲಿ ಕೆಲವು ಕಾಲ ಬಂದಿಯಾಗಿದ್ದರು. ಪ್ಯಾರೀಸ್ ಕಾರ್ನರಿನಿಂದ ಪಶ್ಚಿಮಕ್ಕೆ ಹೋಗುವ ಹಳೆಯ ಚೀನಾ ಬಜಾರ್ ರಸ್ತೆಗೆ ಈಗ ಅವರದೇ ಹೆಸರು. ಅಷ್ಟರಮಟ್ಟಿಗೆ ಈ ನಗರ ತನ್ನ ಒಬ್ಬ ಸೆರೆಯಾಳನ್ನಾದರೂ ಎತ್ತರದಲ್ಲಿಟ್ಟಿದೆ. 2006ರಲ್ಲಿ ಬಂದಿಗಳನ್ನು ಪುಳಲಿಗೆ ಸಾಗಿಸಿದರು. 2009ರಲ್ಲಿ ಕಟ್ಟಡಗಳನ್ನು ಕೆಡಹುವ ಮೊದಲು ಕೆಲವು ದಿನ ಸಾರ್ವಜನಿಕರನ್ನು ಒಳಗೆ ಬಿಟ್ಟಿದ್ದರು. ನೋಡಲು ಜನ ಸಾಲುಗಟ್ಟಿದ್ದರು. ಆ ಸಾಲಿನಲ್ಲಿ ನಾನೂ ಇದ್ದೆ, ನೆನಪಿರುವುದು ಗೋಡೆಯ ಸುಣ್ಣದ ವಾಸನೆ ಮಾತ್ರ. ಈಗ ಅಲ್ಲಿ ವೈದ್ಯಕೀಯ ಕಾಲೇಜಿನ ಕಟ್ಟಡಗಳಿವೆ. ತೋರಿಸಲು ಏನೂ ಇಲ್ಲದುದರಿಂದ ಮಿತ್ರರು ಇಲ್ಲಿ ಹಳೆಯ ಫೋಟೋಗಳನ್ನು ತೋರಿಸುತ್ತಾರೆ.

ಪ್ರವಾಸ ಮುಗಿಯುವುದು ಉತ್ತರದ ತುದಿಯಲ್ಲಿ, ಓಲ್ಡ್ ಜೈಲ್ ರಸ್ತೆಯಲ್ಲಿ. ಹಿಂದೆ ಸಾಲಗಾರರನ್ನು ಕೂಡಿಡುತ್ತಿದ್ದ ಸೆರೆಮನೆಯ ಆವರಣದಲ್ಲಿ 1964ರಿಂದ ಭಾರತಿ ಮಹಿಳಾ ಕಾಲೇಜು ನಡೆಯುತ್ತಿದೆ. ಆ ರಸ್ತೆಯಲ್ಲಿಯೇ ಬೆನ್‌ಫೀಲ್ಡನ ಗೋಡೆಯ ಉಳಿದ ತುಂಡೊಂದಿದೆ: ದಪ್ಪ ಇಟ್ಟಿಗೆ, ಕಮಾನುಗಳ ಕೋಣೆಗಳು, ಮೇಲೆ ಒಂದು ಪುಟ್ಟ ಉದ್ಯಾನ. ಜನ ಅದನ್ನು ‘ಮಾಡಿಪ್ಪೂಂಗಾ’, ಮಾಳಿಗೆಯ ತೋಟ, ಎನ್ನುತ್ತಾರೆ. ಹೊತ್ತು ಹನ್ನೆರಡಾಗಿತ್ತು. ಗೋಡೆಯ ನೆರಳಿನಲ್ಲಿ ನಿಂತು ಬುತ್ತಿ ಬಿಚ್ಚಿದೆವು. ಮಿತ್ರರು ತಮ್ಮ ಟಿಪ್ಪಣಿಯ ಪುಸ್ತಕವನ್ನು ಅಧ್ಯಾಪಕರ ಮುಂದೆ ಹಿಡಿದು, “ಆ ಇಬ್ಬರ ಹೆಸರನ್ನು ಬರೆದುಕೊಡಿ ಸಾರ್, ಮುಂದಿನ ಗುಂಪಿಗೆ ಹೇಳುತ್ತೇನೆ” ಎಂದರು. ಅಧ್ಯಾಪಕರು ತಮಿಳು ಲಿಪಿಯಲ್ಲಿ ಎರಡು ಹೆಸರುಗಳನ್ನು ಬರೆದು, ಮಹಾಪ್ರಾಣವಿಲ್ಲದ ಲಿಪಿಯಲ್ಲಿ ‘ಖಾಲಿಕ್’ ಸರಿಯಾಗಿ ಕೂರುವುದಿಲ್ಲವೆಂದು ಗೊಣಗಿದರು.

ಮುಯಿಜುದ್ದೀನನು ಮುಂದೆ ಏನಾದನೆಂದು ಯಾರೋ ಕೇಳಿದರು. 1806ರ ಜುಲೈ 10ರಂದು ವೇಲೂರಿನ ಕೋಟೆಯಲ್ಲಿ ಸಿಪಾಯಿಗಳು ದಂಗೆಯೆದ್ದು ಟಿಪ್ಪುವಿನ ಬಾವುಟವನ್ನು ಏರಿಸಿದಾಗ ಇವನ ಮೇಲೆ ಸಂಶಯ ಬಿದ್ದಿತು. ಟಿಪ್ಪುವಿನ ಮಕ್ಕಳನ್ನು ಅಲ್ಲಿಂದ ಕಲ್ಕತ್ತೆಗೆ ಸಾಗಿಸಿದರು. ಮನೆತನದ ಹೆಂಗಸರ ಗೋರಿಗಳು ವೇಲೂರಿನಲ್ಲಿಯೇ ಇವೆ. ಮುಂದಿನ ತಿಂಗಳು ಅಲ್ಲಿಗೆ ಹೋಗುವುದೆಂದು ನಿಶ್ಚಯಿಸಿದ್ದೇವೆ. ಮಾರ್ಗದರ್ಶಿ ಮಿತ್ರರೂ ಬರಲು ಒಪ್ಪಿದ್ದಾರೆ.